ಹೊರಗೆ ಬೆಳೆದ ಸಿನಿಮಾ

ಕೇಳುಗರೇ, ನಮಸ್ಕಾರ. ಇವತ್ತು ಚಿಲಿ ದೇಶದ ಸಿನಿಮಾ ಬಗ್ಗೆ ಮಾತಾಡೋಣ. ಅದರ ಒಂದು ಕಾಲದ ಕಥೆಯೆಲ್ಲ ನಡೆದದ್ದು ಚಿಲಿಯ ಹೊರಗೆ!

1973ರ ಸೆಪ್ಟೆಂಬರ್ 11ರಂದು ಅಲ್ಲಿ ಸೇನೆ ಅಧಿಕಾರ ಕಿತ್ತುಕೊಂಡಿತು. ಅದಕ್ಕೂ ಮೊದಲು ಪಾಟ್ರಿಸಿಯೊ ಗುಸ್ಮಾನ್ ಎಂಬ ಯುವ ನಿರ್ದೇಶಕರು ಸಣ್ಣ ತಂಡ ಕಟ್ಟಿಕೊಂಡು ಬೀದಿ, ಕಾರ್ಖಾನೆ, ಸಭೆ ಅಂತ ತಿಂಗಳುಗಟ್ಟಲೆ ಸುತ್ತಿ ಚಿತ್ರೀಕರಣ ಮಾಡಿದ್ದರು. ಕಚ್ಚಾ ಫಿಲ್ಮ್ ಸಿಗದ ದಿನಗಳವು. ಫ್ರಾನ್ಸಿನಿಂದ ಅಲ್ಲಿನ ನಿರ್ದೇಶಕ ಕ್ರಿಸ್ ಮಾರ್ಕರ್ ಕಳಿಸಿಕೊಟ್ಟದ್ದನ್ನೇ ಹಿಡಿದು ಹಿಡಿದು ಬಳಸಬೇಕಿತ್ತು.

ಸೇನೆ ಗುಸ್ಮಾನ್ ಅವರನ್ನು ರಾಷ್ಟ್ರೀಯ ಕ್ರೀಡಾಂಗಣದಲ್ಲಿ ಕೂಡಿಹಾಕಿತು. ಬಿಡುಗಡೆಯಾದ ಮೇಲೆ ಅವರು ದೇಶ ಬಿಟ್ಟರು. ರೀಲುಗಳು ಸ್ವೀಡನ್ ರಾಯಭಾರ ಕಚೇರಿಯ ನೆರವಿನಿಂದ ಗುಟ್ಟಾಗಿ ಹೊರಬಿದ್ದವು. ಸಂಕಲನ ನಡೆದದ್ದು ಕ್ಯೂಬಾದಲ್ಲಿ. ‘ಚಿಲಿಯ ಕದನ’ ಎಂಬ ಆ ಸಾಕ್ಷ್ಯಚಿತ್ರದ ಮೂರು ಭಾಗ ಮುಗಿಯುವಾಗ 1979.

ದೇಶ ಬಿಟ್ಟ ಇನ್ನೊಬ್ಬ ನಿರ್ದೇಶಕ ರೌಲ್ ರೂಯಿಸ್ ಪ್ಯಾರಿಸ್ ಸೇರಿ, ಅಲ್ಲೇ ದೊಡ್ಡ ಹೆಸರು ಮಾಡಿದರು. ಮತ್ತೊಬ್ಬ ನಿರ್ದೇಶಕ ಮಿಗೆಲ್ ಲಿತ್ತಿನ್ ಅವರದು ಮಾತ್ರ ಬೇರೆಯೇ ಧೈರ್ಯ. ಮರಳಿ ಬರಕೂಡದು ಎಂದಿದ್ದವರ ಪಟ್ಟಿಯಲ್ಲಿ ಅವರ ಹೆಸರಿತ್ತು. ಆದರೂ 1985ರಲ್ಲಿ ಗಡ್ಡ ಬೋಳಿಸಿ, ಉರುಗ್ವೆಯ ವ್ಯಾಪಾರಿಯ ವೇಷ ಹಾಕಿ ಒಳಗೆ ಬಂದರು. ಯುರೋಪಿನ ತಂಡಗಳಿಂದ ಸದ್ದಿಲ್ಲದೆ ಚಿತ್ರೀಕರಣ ಮಾಡಿಸಿದರು. ಊರಿಗೆ ಹೋದರೆ ಹೆತ್ತ ತಾಯಿಗೇ ಮೊದಲು ಗುರುತು ಸಿಗಲಿಲ್ಲವಂತೆ. ವೇಷ ಅಷ್ಟು ಚೆನ್ನಾಗಿತ್ತು ಅಂತ ಖುಷಿಪಡೋದೋ, ಅಳೋದೋ?

ಸೇನಾ ಆಡಳಿತ 1990ಕ್ಕೆ ಮುಗಿಯಿತು. ಕೆಲವು ವರ್ಷಗಳ ನಂತರ ಗುಸ್ಮಾನ್ ತಮ್ಮ ಹಳೆಯ ಚಿತ್ರ ಹಿಡಿದು ಊರಿಗೆ ಬಂದರು. ತಮ್ಮ ದೇಶದಲ್ಲೇ ನಡೆದದ್ದನ್ನು ನೋಡಿರದ ಹುಡುಗ ಹುಡುಗಿಯರಿಗೆ ತೋರಿಸಿದರು. ಆ ಮುಖಗಳೇ 1997ರಲ್ಲಿ ಇನ್ನೊಂದು ಚಿತ್ರವಾದವು. ಅದರಲ್ಲಿ ಯುವಕರ ವಾದ್ಯತಂಡವೊಂದು, 1973ರಲ್ಲಿ ಸೇನೆ ಕೆಳಗಿಳಿಸಿದ ಅಧ್ಯಕ್ಷ ಅಯೆಂದೆ ಕಾಲದ ಚುನಾವಣಾ ಹಾಡನ್ನು ನುಡಿಸುತ್ತಾ ರಾಜಧಾನಿ ಸಾಂಟಿಯಾಗೊ ಬೀದಿಯಲ್ಲಿ ಸಾಗುತ್ತದೆ. ಎಷ್ಟೋ ದಾರಿಹೋಕರು ಸುಮ್ನೆ ನಿಂತು ನೋಡುತ್ತಾರೆ. ನನಗೆ ಮೊದಲ ಚಿತ್ರದ ಗದ್ದಲಕ್ಕಿಂತ ಈ ಮೌನವೇ ಜಾಸ್ತಿ ಕಾಡಿದೆ. ಹೊರಗಿದ್ದವರು ನೆನಪಿಟ್ಟುಕೊಂಡಿದ್ದರು. ಒಳಗಿದ್ದವರು ಮಾತಾಡದೆ ಬದುಕಿದ್ದರು. ಎರಡೂ ಅಲ್ಲಿ ಎದುರಾದವು, ಅಲ್ವಾ?

ಆದರೂ ಮೂಲ ಚಿತ್ರ ಚಿಲಿಯ ಟಿವಿಯಲ್ಲಿ ಎಲ್ಲರ ಮನೆಗೂ ಬರಲು 2021 ಆಗಬೇಕಾಯಿತು.

ಅದಕ್ಕೆ ಕ್ಯಾಮೆರಾ ಹಿಡಿದಿದ್ದ ಹೋರ್ಹೆ ಮ್ಯುಲರ್ ದೇಶ ಬಿಟ್ಟಿರಲಿಲ್ಲ. 1974ರ ನವೆಂಬರ್ 29ರಂದು ರಹಸ್ಯ ಪೊಲೀಸರು ಅವರನ್ನೂ, ಗೆಳತಿ ನಟಿ ಕಾರ್ಮೆನ್ ಬುವೆನೊ ಅವರನ್ನೂ ಹಿಡಿದೊಯ್ದರು. ಇಬ್ಬರೂ ಮರಳಲಿಲ್ಲ. ನವೆಂಬರ್ 29 ಈಗ ಚಿಲಿಯ ಸಿನಿಮಾ ದಿನ.

ನಮಸ್ಕಾರ.