ಅಂಗೈಯಗಲದ ನೋಟ್‌ಬುಕ್: ಮೂಸಾ ಜಲೀಲ್ ಮೇಲೆ ಬಂದ ಸೋವಿಯತ್ ಸಿನಿಮಾ

(ತೆರೆ ಮೇಲೆ: ಬಿಚ್ಚಿದ ಅಂಗೈ)

ನಮಸ್ಕಾರ ಸ್ನೇಹಿತರೇ. ನಿಮ್ಮ ಅಂಗೈ ಒಮ್ಮೆ ಬಿಚ್ಚಿ ನೋಡಿಕೊಳ್ಳಿ. ಇವತ್ತು ನಾವು ಮಾತಾಡುವ ನೋಟ್‌ಬುಕ್ ಹೆಚ್ಚುಕಡಿಮೆ ಅಷ್ಟೇ ಅಗಲ. ಅದರ ತುಂಬ ಒತ್ತೊತ್ತಾಗಿ ಬರೆದ ಕವಿತೆಗಳು. ಬರೆದವನು ಮೂಸಾ ಜಲೀಲ್ ಎಂಬ ಟಾಟಾರ್ ಕವಿ. ಟಾಟಾರರು ಅಂದರೆ ರಷ್ಯಾದ ವೋಲ್ಗಾ ನದಿ ಸೀಮೆಯ ಒಂದು ಜನಾಂಗ, ಅವರ ಭಾಷೆಯ ಹೆಸರೂ ಟಾಟಾರ್. ಬರೆದ ಜಾಗ ಬರ್ಲಿನ್‌ನ ಮೊಆಬಿಟ್ ಜೈಲು.

1968ರಲ್ಲಿ ಸೋವಿಯತ್ ಒಕ್ಕೂಟದ ಲೆನ್‌ಫಿಲ್ಮ್ ಸ್ಟುಡಿಯೋ ಈ ಕವಿಯ ಬಗ್ಗೆ ಒಂದು ಸಿನಿಮಾ ತೆಗೆಯಿತು. ಹೆಸರು 'ಮೊಆಬಿಟ್ ನೋಟ್‌ಬುಕ್'. ನಿರ್ದೇಶಕ ಲಿಯೊನಿದ್ ಕ್ವಿನಿಖಿದ್ಜೆ. ಮುಂದೆ ಹಾಡು-ಕುಣಿತದ ಸಿನಿಮಾಗಳಿಂದ ಮನೆಮಾತಾದದ್ದು ಇದೇ ನಿರ್ದೇಶಕ. ಜಲೀಲ್ ಪಾತ್ರ ಮಾಡಿದ್ದು ಪ್ಯೋತ್ರ್ ಚೆರ್ನೋವ್.

ಸಿನಿಮಾ ನೋಡುವ ಮುಂಚೆ ಒಂದಿಷ್ಟು ಹಿನ್ನೆಲೆ ಗೊತ್ತಿದ್ದರೆ ಒಳ್ಳೆಯದು.

(ತೆರೆ ಮೇಲೆ: ಓರೆನ್‌ಬುರ್ಗ್, ಕಜಾನ್ ತೋರಿಸುವ ನಕ್ಷೆ)

ಜಲೀಲ್ ಹುಟ್ಟಿದ್ದು 1906ರಲ್ಲಿ, ಓರೆನ್‌ಬುರ್ಗ್ ಸೀಮೆಯ ಮುಸ್ತಾಫಿನೊ ಎಂಬ ಹಳ್ಳಿಯಲ್ಲಿ. ಓದು ಶುರುವಾದದ್ದು ಮದರಸಾದಲ್ಲಿ, ಮುಗಿದದ್ದು ಮಾಸ್ಕೋ ವಿಶ್ವವಿದ್ಯಾಲಯದಲ್ಲಿ. ಟಾಟಾರರ ರಾಜಧಾನಿ ಕಜಾನ್‌ನ ಟಾಟಾರ್ ಆಪೆರಾಗೆ ಹಾಡು-ಮಾತು ಬರೆದುಕೊಟ್ಟ. ಅಲ್ಲಿನ ಲೇಖಕರ ಸಂಘದ ಅಧ್ಯಕ್ಷನೂ ಆದ. ಮನೆಯಲ್ಲಿ ಹೆಂಡತಿ ಅಮೀನಾ, ಪುಟ್ಟ ಮಗಳು ಚುಲ್ಪಾನ್. 1941ರಲ್ಲಿ ಯುದ್ಧ ಬಂತು, ಸೈನ್ಯಕ್ಕೆ ಸೇರಿದ. ವೋಲ್ಖೋವ್ ರಣರಂಗದಲ್ಲಿ ಸೇನೆಯ ಪತ್ರಿಕೆಗೆ ವರದಿ ಬರೆಯುವ ಕೆಲಸ. 1942ರ ಜೂನ್‌ನಲ್ಲಿ ಅವನಿದ್ದ ಸೈನ್ಯವನ್ನು ಜರ್ಮನರು ಸುತ್ತುವರಿದರು. ಗಾಯಗೊಂಡ ಜಲೀಲ್ ಸೆರೆ ಸಿಕ್ಕ.

ನಿಜವಾದ ಕಥೆ ಶುರುವಾಗುವುದು ಇಲ್ಲಿಂದ.

ಸೆರೆ ಸಿಕ್ಕ ಟಾಟಾರ್, ಬಶ್ಕಿರ್ ಮುಂತಾದ ಜನರನ್ನು ಸೇರಿಸಿ ಜರ್ಮನರು 'ಇದೆಲ್-ಉರಾಲ್' ಎಂಬ ಪಡೆ ಕಟ್ಟುತ್ತಿದ್ದರು. ಇದೆಲ್ ಅಂದರೆ ಟಾಟಾರ್ ಭಾಷೆಯಲ್ಲಿ ವೋಲ್ಗಾ ನದಿ. ಸೋವಿಯತ್ ಸೈನ್ಯದ ಮೇಲೆಯೇ ಈ ಪಡೆಯನ್ನು ಛೂ ಬಿಡುವುದು ಅವರ ಲೆಕ್ಕಾಚಾರ. ಜಲೀಲ್ ಆ ಪಡೆಯೊಳಗೆ ಸೇರಿಕೊಂಡ. ಹಾಡು, ನಾಟಕ, ಸಾಂಸ್ಕೃತಿಕ ಕಾರ್ಯಕ್ರಮದ ನೆಪದಲ್ಲಿ ಸೆರೆಶಿಬಿರಗಳನ್ನು ಸುತ್ತಿದ. ಒಳಗೊಳಗೇ ಗೆಳೆಯರ ಜೊತೆ ಜರ್ಮನರ ವಿರುದ್ಧ ಗುಪ್ತ ಸಂಘಟನೆ ಬೆಳೆಯಿತು. 1943ರ ಫೆಬ್ರವರಿಯಲ್ಲಿ ಈ ಪಡೆಯ ಮೊದಲ ಬೆಟಾಲಿಯನ್ನನ್ನು ಬೆಲಾರೂಸ್‌ನ ವಿತೆಬ್ಸ್ಕ್ ಕಡೆಗೆ ಕಳಿಸಿದರು. ಅದರ ದೊಡ್ಡ ಪಾಲು ಸೈನಿಕರು ಬಂದೂಕು ಸಮೇತ ಸೋವಿಯತ್ ಗೆರಿಲ್ಲಾಗಳ ಕಡೆ ಹೋಗಿಬಿಟ್ಟರು.

ಒಂದು ಕ್ಷಣ ಯೋಚಿಸಿ. ಜಲೀಲ್ ಶತ್ರುವಿನ ಕಡೆ ಕೆಲಸ ಮಾಡುತ್ತಿದ್ದಾನೆ. ದೂರದಿಂದ ನೋಡಿದವರಿಗೆ ಅವನು ದ್ರೋಹಿಯೇ. ತಾನು ದ್ರೋಹಿಯಲ್ಲ ಅಂತ ಬಾಯಿಬಿಟ್ಟು ಹೇಳುವ ಹಾಗೂ ಇಲ್ಲ. ಹೇಳಿದರೆ ಜೊತೆಗಿದ್ದವರ ಜೀವವೂ ಹೋಗುತ್ತದೆ. ಬಾಂಬು, ಟ್ಯಾಂಕುಗಳ ಯುದ್ಧದ ಸಿನಿಮಾ ಎಷ್ಟೋ ಬಂದಿವೆ. ನನಗೆ ಈ ಕಥೆ ಜಾಸ್ತಿ ತಟ್ಟುವುದು ಈ ಇಕ್ಕಟ್ಟಿನಿಂದಲೇ.

1943ರ ಆಗಸ್ಟ್‌ನಲ್ಲಿ ಗುಟ್ಟು ಬಯಲಾಯಿತು. ಬಂಧನ, ಮೊಆಬಿಟ್ ಜೈಲು, ಮರಣದಂಡನೆ. 1944ರ ಆಗಸ್ಟ್ 25ರ ಮಧ್ಯಾಹ್ನ ಬರ್ಲಿನ್‌ನ ಪ್ಲೋಟ್ಸೆನ್‌ಜೇ ಜೈಲಿನಲ್ಲಿ ಜಲೀಲ್ ಸೇರಿ ಒಟ್ಟು 11 ಗೆಳೆಯರ ತಲೆ ಕಡಿದರು. ಒಬ್ಬರಾದ ಮೇಲೆ ಒಬ್ಬರು, ಮೂರು ನಿಮಿಷಕ್ಕೊಬ್ಬರಂತೆ. ಜಲೀಲ್‌ಗೆ ಆಗ 38 ವರ್ಷ.

(ತೆರೆ ಮೇಲೆ: ಎರಡು ನೋಟ್‌ಬುಕ್‌ಗಳ ಚಿತ್ರ, ಅಕ್ಕಪಕ್ಕ)

ಈಗ ನೋಟ್‌ಬುಕ್‌ಗೆ ಬರೋಣ. ಉಳಿದು ಬಂದವು ಎರಡು. ಒಂದು ಅರಬ್ಬಿ ಲಿಪಿಯಲ್ಲಿದೆ, ಇನ್ನೊಂದು ಲ್ಯಾಟಿನ್ ಲಿಪಿಯಲ್ಲಿ. ಭಾಷೆ ಎರಡರಲ್ಲೂ ಟಾಟಾರ್. ಹೀಗೇಕೆ? ಜಲೀಲ್ ಮದರಸಾದಲ್ಲಿ ಕಲಿಯುವಾಗ ಟಾಟಾರ್ ಭಾಷೆಗೆ ಅರಬ್ಬಿ ಲಿಪಿ ಇತ್ತು. 1920ರ ದಶಕದ ಕೊನೆಯಲ್ಲಿ ಸರ್ಕಾರ ಅದನ್ನು ಲ್ಯಾಟಿನ್‌ಗೆ ಬದಲಿಸಿತು. 1939ರಲ್ಲಿ ಮತ್ತೆ ಬದಲಿಸಿ ರಷ್ಯನ್ನರ ಸಿರಿಲಿಕ್ ತಂದಿತು. ನಮ್ಮ ಕನ್ನಡದ ಅಕ್ಷರಗಳನ್ನು ಹನ್ನೆರಡು ವರ್ಷದಲ್ಲಿ ಎರಡು ಸಲ ಹಾಗೆ ಬದಲಿಸಿದ್ದರೆ ನಮ್ಮ ಅಜ್ಜಿಯ ಪತ್ರ ನಾವು ಓದಲು ಆಗುತ್ತಿತ್ತಾ? ಸಾವು ಎದುರಿಗೆ ನಿಂತಾಗ ಜಲೀಲ್ ಬರೆದದ್ದು ಆ ಹಳೆಯ ಎರಡು ಲಿಪಿಗಳಲ್ಲಿ.

ಲ್ಯಾಟಿನ್ ಲಿಪಿಯ ನೋಟ್‌ಬುಕ್ಕಿನ ಹೊದಿಕೆ ಮೇಲೆ ಅದೊಂದು ನಿಘಂಟು ಅಂತ ಬರೆದಿದೆ. ಕಾವಲುಗಾರರ ಕಣ್ಣು ತಪ್ಪಿಸಲು ಅಷ್ಟು ಸಾಕಾಯಿತು. ಟಾಟಾರ್ ಓದಬಲ್ಲ ಗೆಳೆಯನಿಗೆ ಅಂತ ಒಂದು ಒಕ್ಕಣೆಯನ್ನೂ ಅವನು ಬರೆದಿಟ್ಟಿದ್ದ: ಇದು ನಿನ್ನ ಕೈ ಸೇರಿದರೆ ಶುದ್ಧವಾಗಿ ನಕಲು ಮಾಡಿ ಇಟ್ಟುಕೋ, ಯುದ್ಧ ಮುಗಿದ ಮೇಲೆ ಕಜಾನ್‌ಗೆ ತಿಳಿಸು ಎಂಬ ಅರ್ಥದಲ್ಲಿ.

ಅದು ಸಿಕ್ಕಿದ್ದು ಟಾಟಾರ್‌ನ ಒಂದಕ್ಷರವೂ ಬಾರದವನ ಕೈಗೆ! ಜೊತೆಗೆ ಸೆರೆಯಲ್ಲಿದ್ದ ಬೆಲ್ಜಿಯಂನ ಆಂದ್ರೆ ಟಿಮ್ಮರ್‌ಮನ್ಸ್ ಅದನ್ನು ಜೋಪಾನ ಮಾಡಿದ. 1947ರಲ್ಲಿ ಅದು ಬ್ರಸೆಲ್ಸ್‌ನ ಸೋವಿಯತ್ ಕಚೇರಿ ಸೇರಿತು. ಅದಕ್ಕೂ ಒಂದು ವರ್ಷ ಮುಂಚೆ, ಅರಬ್ಬಿ ಲಿಪಿಯದನ್ನು ನಿಗ್ಮತ್ ತೆರೆಗುಲೋವ್ ಎಂಬ ಮಾಜಿ ಸೆರೆಯಾಳು ಕಜಾನ್‌ಗೆ ತಂದು ಕೊಟ್ಟಿದ್ದ.

ಆದರೆ ಊರಿನಲ್ಲಿ ಆಗ ಜಲೀಲ್ ಹೆಸರೇ ಅಪಾಯ. ದೇಶದ್ರೋಹದ ಆರೋಪ ಹೊರಿಸಿ ಸೋವಿಯತ್ ಗುಪ್ತಚರ ಇಲಾಖೆ ಅವನ ಮೇಲೆ ಕಡತ ತೆರೆದಿತ್ತು. ಸತ್ತವನನ್ನು ಜೀವಂತ ಇದ್ದಾನೆ ಅಂತ ಹುಡುಕುತ್ತಿದ್ದರು. ನೋಟ್‌ಬುಕ್ ತಂದುಕೊಟ್ಟ ತೆರೆಗುಲೋವ್ ಕೂಡ ಬಂಧನಕ್ಕೊಳಗಾಗಿ ಸೋವಿಯತ್ ಶಿಬಿರದಲ್ಲೇ ತೀರಿಕೊಂಡ. ಇದನ್ನು ಹೇಳುವಾಗ ಹೊಟ್ಟೆ ಉರಿಯುತ್ತದೆ.

ಸ್ಟಾಲಿನ್ ಸತ್ತದ್ದು 1953ರ ಮಾರ್ಚ್‌ನಲ್ಲಿ. ಮರುತಿಂಗಳೇ ರಷ್ಯನ್ ಕವಿ ಕೊನ್‌ಸ್ತಾಂತಿನ್ ಸಿಮೊನೊವ್ ಮಾಸ್ಕೋದ 'ಲಿತೆರಾತೂರ್ನಯಾ ಗಜೆತಾ' ಎಂಬ ಸಾಹಿತ್ಯ ಪತ್ರಿಕೆಯಲ್ಲಿ ಈ ಕವಿತೆಗಳನ್ನು ಅಚ್ಚು ಹಾಕಿಸಿದ. 1956ರಲ್ಲಿ ಜಲೀಲ್‌ಗೆ 'ಸೋವಿಯತ್ ಒಕ್ಕೂಟದ ವೀರ' ಬಿರುದು, 1957ರಲ್ಲಿ ಲೆನಿನ್ ಪ್ರಶಸ್ತಿ. ಕಜಾನ್‌ನ ಆಪೆರಾ ಮಂದಿರಕ್ಕೂ ಅವನ ಹೆಸರು ಬಂತು. ಇಷ್ಟಾದ ಮೇಲೆ 1968ರ ಸಿನಿಮಾ. ಅದನ್ನೇ 1950ರಲ್ಲಿ ತೆಗೆಯಲು ಯಾರಿಗೂ ಸಾಧ್ಯವಿರಲಿಲ್ಲ.

ಸಿನಿಮಾ ಬಗ್ಗೆ ನನಗಿರುವ ಒಂದು ಕೊರಗು ಹೇಳಲೇಬೇಕು. ಅದು ರಷ್ಯನ್ ಸಿನಿಮಾ. ಟಾಟಾರ್ ಭಾಷೆ ಉಳಿಯಲಿ ಅಂತ ಜೈಲಿನಲ್ಲಿ ಕಾಗದದ ಚೂರಿಗೆ ಒದ್ದಾಡಿದ ಕವಿ ತೆರೆ ಮೇಲೆ ರಷ್ಯನ್ ಮಾತಾಡುತ್ತಾನೆ. ಆದ್ದರಿಂದ ಸಿನಿಮಾ ನೋಡುವ ಮುಂಚೆ ಅವನ ಒಂದು ಕವಿತೆಯನ್ನಾದರೂ ಟಾಟಾರ್‌ನಲ್ಲಿ ಯಾರಾದರೂ ಓದಿದ್ದನ್ನು ಕೇಳಿ. ಅರ್ಥ ಆಗದಿದ್ದರೂ ಪರವಾಗಿಲ್ಲ, ಆ ಲಯ ಕಿವಿಗೆ ಬೀಳಲಿ.

ಉಳಿದಿರುವ ಕವಿತೆಗಳು 90ಕ್ಕೂ ಜಾಸ್ತಿ. ಇನ್ನೂ ಒಂದು ನೋಟ್‌ಬುಕ್ ಇತ್ತು. 1946ರಲ್ಲಿ ಒಬ್ಬ ಟರ್ಕಿ ಪ್ರಜೆ ಅದನ್ನು ರೋಮ್‌ನ ಸೋವಿಯತ್ ರಾಯಭಾರ ಕಚೇರಿಗೆ ಕೊಟ್ಟಿದ್ದ. ಅಲ್ಲಿಂದ ಅದು ಗುಪ್ತಚರರ ಕಡತಗಳ ನಡುವೆ ಎಲ್ಲೋ ಕಳೆದುಹೋಯಿತು. ದಶಕಗಳ ಕಾಲ ಹುಡುಕಿದರೂ ಸಿಗಲಿಲ್ಲ.