ಕಮರುಸೀಮೆಗೆ ಮೊದಲು ಬಂದವರು

ನಮಸ್ಕಾರ. ಈಗ ನೀವು ನೋಡುತ್ತಿರುವ ಕಪ್ಪು ಬಂಡೆಗಳು ಕೋಲಾರ ಜಿಲ್ಲೆಯ ಪೆದ್ದಪಲ್ಲಿಯವು. ಸುಮಾರು 270 ಕೋಟಿ ವರ್ಷಗಳ ಹಿಂದೆ ನೀರಿನಡಿಯಲ್ಲಿ ಉಕ್ಕಿದ ಲಾವಾ, ಹೊರಮೈ ತಟ್ಟನೆ ತಣಿದು ಒಳಗಿನ್ನೂ ದ್ರವವಾಗಿದ್ದಾಗಲೇ ಒಂದರ ಮೇಲೊಂದು ಉರುಳಿ, ದಿಂಬಿನ ಆಕಾರದಲ್ಲಿ ಹೆಪ್ಪುಗಟ್ಟಿದೆ. ಭಾರತೀಯ ಭೂವೈಜ್ಞಾನಿಕ ಸರ್ವೇಕ್ಷಣಾ ಸಂಸ್ಥೆ ಈ ತಾಣವನ್ನು ರಾಷ್ಟ್ರೀಯ ಭೂವೈಜ್ಞಾನಿಕ ಸ್ಮಾರಕವೆಂದು ಗುರುತಿಸಿದೆ. ಚಿನ್ನದ ಗಣಿಯ ಕಥೆ ಹೇಳಿ ದಣಿಯದ ನಮ್ಮ ಜಿಲ್ಲೆಯಲ್ಲಿ ಈ ಜ್ವಾಲಾಮುಖಿಯ ಮಾತೆತ್ತುವವರು ಮಾತ್ರ ಕಡಿಮೆ.

ಆರಿಹೋದ ಆ ಬೆಂಕಿಯನ್ನು ಮತ್ತೆ ಹೊತ್ತಿಸಿ, ನಾನೊಂದು ಸೀಮೆಯನ್ನು ಕಲ್ಪಿಸಿಕೊಂಡಿದ್ದೇನೆ. ಅದಕ್ಕೆ ಕಮರುಸೀಮೆ ಎಂದು ಹೆಸರಿಟ್ಟಿದ್ದೇನೆ. ಇದರ ನಕಾಶೆ ಬರೆಯುವಾಗ ಹಾಕಿಕೊಂಡ ನಿಯಮ ಒಂದೇ: ಇಲ್ಲಿ ಬದುಕುವ ಪ್ರತಿಯೊಂದು ಜೀವಿಯೂ ತನ್ನ ಅನ್ನ ಎಲ್ಲಿಂದ, ನೀರು ಎಲ್ಲಿಂದ ಎಂಬುದಕ್ಕೆ ಲೆಕ್ಕ ಕೊಡಬೇಕು. ಬೆಂಕಿ ಉಗುಳುವ ಸರ್ಪಗಳಿಗೂ ಲಾವಾದಲ್ಲಿ ಈಜುವ ರಾಕ್ಷಸರಿಗೂ ಇಲ್ಲಿ ಜಾಗವಿಲ್ಲ. 1,100 ಡಿಗ್ರಿ ಸೆಲ್ಸಿಯಸ್ ಬಿಸಿಯನ್ನು ತಾಳುವ ಮಾಂಸ ಯಾವ ಲೋಕದಲ್ಲಿಯೂ ಇರಲಾರದು.

ಬರಡು ನೆಲಕ್ಕೆ ಮೊದಲು ಹುಲ್ಲು ಬರುತ್ತದೆ, ಆಮೇಲೆ ಹುಲ್ಲು ಮೇಯುವವು, ಕೊನೆಗೆ ಅವುಗಳನ್ನು ತಿನ್ನುವವು ಬರುತ್ತವೆ ಎಂದು ನಾವೆಲ್ಲ ಶಾಲೆಯಲ್ಲಿ ಓದಿದ್ದೇವೆ. ಲಾವಾದ ಮೇಲೆ ಈ ಸಾಲು ತಲೆಕೆಳಗಾಗುತ್ತದೆ. ಹವಾಯಿಯ ಕಿಲವೇಯಾ ಜ್ವಾಲಾಮುಖಿಯಲ್ಲಿ ಹೊಸ ಲಾವಾ ತಣಿದ ಕೆಲವೇ ತಿಂಗಳುಗಳಲ್ಲಿ, ಒಂದು ಗಿಡವೂ ಮೊಳೆಯುವ ಮೊದಲೇ, ರೆಕ್ಕೆಯಿಲ್ಲದ ಒಂದು ಬಗೆಯ ಜೀರುಂಡೆ ಬಿರುಕುಗಳಲ್ಲಿ ಸಂಸಾರ ಹೂಡುತ್ತದೆ. ಗಾಳಿ ಹೊತ್ತು ತಂದ ಸತ್ತ ಹುಳುಗಳೂ ಎಲೆಯ ಚೂರುಗಳೂ ಅದರ ಆಹಾರ. 1883ರಲ್ಲಿ ಇಂಡೋನೇಷ್ಯಾದ ಜ್ವಾಲಾಮುಖಿ ದ್ವೀಪ ಕ್ರಕಟೋವಾ ಸಿಡಿದು ಬೂದಿಯಲ್ಲಿ ಹೂತುಹೋದ ಮೇಲೆ, ಮರುವರ್ಷ ಅಲ್ಲಿಗೆ ಹೋದ ತಂಡಕ್ಕೆ ಕಾಣಸಿಕ್ಕ ಜೀವಿ ಒಂದು ಪುಟ್ಟ ಜೇಡ.

ಹಾಗಾಗಿ ಕಮರುಸೀಮೆಯ ಮೊದಲ ಒಕ್ಕಲು ಬಿರುಕುಜೇಡ. ಅದು ಗಾಳಿಗೆ ಎದುರಾಗಿ ಬಿರುಕಿನ ಬಾಯಿಗೆ ಬಲೆ ಕಟ್ಟುತ್ತದೆ. ಮೊದಲ ಮಳೆ ಬಿದ್ದ ಸಂಜೆ ನಮ್ಮೂರುಗಳ ದೀಪಕ್ಕೆ ಮುತ್ತುವ ರೆಕ್ಕೆಯ ಗೆದ್ದಲುಗಳಲ್ಲಿ ಒಂದಿಷ್ಟು ಗಾಳಿಯ ಪಾಲಾಗಿ ಆ ಕಡೆ ಹಾರಿದರೆ, ಅದಕ್ಕೆ ವರ್ಷಕ್ಕೊಮ್ಮೆ ಬರುವ ಹಬ್ಬದೂಟ. ಅಂದರೆ ಕಮರುಸೀಮೆ ಪಕ್ಕದ ಹಸಿರೂರುಗಳ ಎಂಜಲಿನಿಂದಲೇ ಬದುಕುತ್ತದೆ. ನನ್ನ ಮಟ್ಟಿಗೆ ಇದು ಯಾವ ಬೆಂಕಿಸರ್ಪಕ್ಕಿಂತಲೂ ಹೆಚ್ಚು ಬೆರಗಿನ ಸಂಗತಿ.

ನೀರು ಸಿಗುವುದು ಹಬೆಯಿಂದ. ಚಿಲಿ ಮತ್ತು ಅರ್ಜೆಂಟೀನಾ ಗಡಿಯ ಸೊಕೊಂಪಾ ಪರ್ವತದಲ್ಲಿ, ಸುಮಾರು 6,000 ಮೀಟರ್ ಎತ್ತರದಲ್ಲಿ, ಸುತ್ತಲೂ ಏನೂ ಬೆಳೆಯದಿದ್ದರೂ ಹಬೆಯಾಡುವ ರಂಧ್ರಗಳ ಬಳಿ ಪಾಚಿ ಹಸಿರಾಗಿದೆ. ಕಮರುಸೀಮೆಯ ಹಸಿರೂ ಅಂಥ ರಂಧ್ರಗಳ ಸುತ್ತ ಬಳೆಯಂತೆ ಕೂತಿದೆ. ಆದರೆ ಅದೇ ನೆಲದಿಂದ ಹೊರಡುವ ಇಂಗಾಲದ ಡೈಆಕ್ಸೈಡ್ ಗಾಳಿಗಿಂತ ಸುಮಾರು ಒಂದೂವರೆ ಪಟ್ಟು ಭಾರವಾದ್ದರಿಂದ, ಗಾಳಿಯಾಡದ ರಾತ್ರಿಗಳಲ್ಲಿ ತಗ್ಗುಗಳಲ್ಲಿ ಮಡುಗಟ್ಟಿ ನಿಲ್ಲುತ್ತದೆ. ಆಫ್ರಿಕಾದ ಕಿವು ಸರೋವರದ ಆಸುಪಾಸಿನ ಜನ ಇಂಥ ತಗ್ಗುಗಳನ್ನು ಮಝುಕು ಎನ್ನುತ್ತಾರೆ. ಅವುಗಳಲ್ಲಿ ಇಳಿದ ಪ್ರಾಣಿಗಳು ಮಾತ್ರವಲ್ಲ, ಮನುಷ್ಯರೂ ಸತ್ತಿದ್ದಾರೆ. ನನ್ನ ಸೀಮೆಯ ಹೊಗೆಕೊಕ್ಕರೆ ಈ ಸಾವನ್ನೇ ನಂಬಿಕೊಂಡಿದೆ. ಉದ್ದ ಕಾಲಿನಿಂದಾಗಿ ನಿಂತಿದ್ದರೆ ಅದರ ತಲೆ ವಿಷಗಾಳಿಯ ಮಟ್ಟಕ್ಕಿಂತ ಮೇಲಿರುತ್ತದೆ, ಆದರೆ ತಿನ್ನಲು ಬಗ್ಗಿದರೆ ಉಳಿಗಾಲವಿಲ್ಲ. ಆದ್ದರಿಂದ ಬಿಸಿಲೇರಿ ಗಾಳಿ ಎದ್ದು ತಗ್ಗು ತಿಳಿಯಾಗುವವರೆಗೆ ಅದು ದಿಬ್ಬದ ಮೇಲೆ ಕಾಯುತ್ತದೆ.

ಇನ್ನು ಮನುಷ್ಯರು. ಸ್ಪೇನ್ ದೇಶದ ಲಾಂಜರೋಟೆ ದ್ವೀಪದಲ್ಲಿ 1730ರಿಂದ 1736ರವರೆಗೆ ಜ್ವಾಲಾಮುಖಿ ಉಗುಳಿದ ಬೂದಿ ಹೊಲಗಳನ್ನು ಮುಚ್ಚಿಹಾಕಿತು. ರೈತರು ಆ ಕರಿಬೂದಿಯಲ್ಲಿ ಅಗಲವಾದ ಗುಣಿ ತೋಡಿ, ಅಡಿಯ ಹಳೆಯ ಮಣ್ಣಿಗೆ ಬೇರು ತಗಲುವಂತೆ ದ್ರಾಕ್ಷಿ ನೆಟ್ಟು, ಗಾಳಿಗೆ ಅಡ್ಡವಾಗಿ ಅರ್ಧಚಂದ್ರಾಕಾರದ ಕಲ್ಲುಗೋಡೆ ಕಟ್ಟಿದರು. ಬೂದಿಯ ಹೊದಿಕೆ ಮಣ್ಣಿನ ತೇವ ಆರಿಹೋಗದಂತೆ ತಡೆಯುತ್ತದೆ. ವರ್ಷಕ್ಕೆ ಸುಮಾರು 150 ಮಿಲಿಮೀಟರ್ ಮಳೆಯಾಗುವ ಕಡೆ ಹೀಗೆ ದ್ರಾಕ್ಷಿ ಬೆಳೆಯುತ್ತಾರೆ ಎಂದರೆ, ಸಾವಿರ ಅಡಿ ದಾಟಿದ ಕೊಳವೆಬಾವಿಯ ಪಕ್ಕದಲ್ಲಿ ದ್ರಾಕ್ಷಿ ಹಂದರ ಹಾಕಿರುವ ಚಿಕ್ಕಬಳ್ಳಾಪುರದ ರೈತರು ಒಮ್ಮೆ ನಕ್ಕು, ಆಮೇಲೆ ವಿವರ ಕೇಳಿಯಾರು.

ಕಮರುಸೀಮೆಯ ಗುಣಿಗಳಲ್ಲಿ ಮಾತ್ರ ನಾನು ಹುರುಳಿ ಬಿತ್ತಿದ್ದೇನೆ. ಇದು ಊರಿನ ಅಭಿಮಾನದಿಂದಷ್ಟೇ ಅಲ್ಲ. ಹೊಸ ಬೂದಿಯಲ್ಲಿ ಸಾರಜನಕ ಇಲ್ಲವೆನ್ನುವಷ್ಟು ಕಡಿಮೆ. ದ್ವಿದಳ ಧಾನ್ಯದ ಬೇರಿನ ಗಂಟುಗಳಲ್ಲಿರುವ ಬ್ಯಾಕ್ಟೀರಿಯಾ ಅದನ್ನು ಗಾಳಿಯಿಂದ ಪಡೆಯುತ್ತವೆ. ಅಮೆರಿಕದ ಸೇಂಟ್ ಹೆಲೆನ್ಸ್ ಪರ್ವತ 1980ರಲ್ಲಿ ಸ್ಫೋಟಿಸಿದ ಮೇಲೆ ಅಲ್ಲಿನ ಬರಿನೆಲದಲ್ಲಿ ಮೊದಲು ನೆಲೆಯೂರಿದ ಲುಪಿನ್ ಗಿಡವೂ ಇದೇ ಕುಲದ್ದು.

ಕಮರುಸೀಮೆಯ ಜನರ ಮನೆಗಳೆಲ್ಲ ದಿಬ್ಬಗಳ ಮೇಲಿವೆ. ತಗ್ಗಿನಲ್ಲಿ ಕರುವನ್ನೂ ಕಟ್ಟುವುದಿಲ್ಲ. ಅವರ ವ್ಯಾಜ್ಯಗಳು ಹೆಚ್ಚಾಗಿ ಬೂದಿಯ ಬಗ್ಗೆ. ಗಾಳಿ ಒಬ್ಬರ ಗುಣಿಯ ಹೊದಿಕೆಯನ್ನು ಕೆದರಿ ಇನ್ನೊಬ್ಬರ ಗುಣಿಗೆ ತುಂಬಿದರೆ ಅದು ಬಿದ್ದ ಕಡೆಯವರಿಗೇ ಸೇರುತ್ತದೆ ಎಂಬುದು ಪಂಚಾಯಿತಿಯ ಕಟ್ಟಳೆ. ರಾತ್ರಿ ಬೂದಿಯನ್ನು ಕುಕ್ಕೆಯಲ್ಲಿ ಹೊತ್ತು ತಂದು ತಪ್ಪನ್ನು ಗಾಳಿಯ ಮೇಲೆ ಹಾಕುವವರಿಗೆ ಮಾತ್ರ ಒಂದು ಕೊಳಗ ಹುರುಳಿ ದಂಡ.