ಮಣ್ಣಿನ ಬೊಂಬೆಯಿಂದ ತನ್ನದೇ ಮೈಗೆ: ಪುಷ್ಪಮಾಲಾ ಎನ್. ಅವರ ಕಲೆ

ಎಲ್ಲರಿಗೂ ನಮಸ್ಕಾರ.

ನಮ್ಮ ಮನೆಯಲ್ಲಿ ಅಮ್ಮನ ಒಂದು ಹಳೇ ಫೋಟೋ ಇದೆ. ಮದುವೆಯಾದ ಹೊಸತರಲ್ಲಿ ಚಿಕ್ಕಪೇಟೆಯ ಒಂದು ಸ್ಟುಡಿಯೋದಲ್ಲಿ ತೆಗೆಸಿದ್ದು. ಹಿಂದೆ ಬಣ್ಣದ ಪರದೆ. ಅದರಲ್ಲಿ ಕೊಳ, ಹಂಸ, ಮೆಟ್ಟಿಲು. ಅಂಥ ಕೊಳವನ್ನು ಅಮ್ಮ ಯಾವತ್ತೂ ನೋಡಿರಲಿಲ್ಲ. "ಕೈ ಹೀಗಿಡಮ್ಮ, ಗದ್ದ ಸ್ವಲ್ಪ ಮೇಲೆ" ಅಂತ ಫೋಟೋದವರು ಹೇಳಿದರಂತೆ. ಅಮ್ಮ ಹಾಗೇ ನಿಂತರು. ಚಿಕ್ಕಂದಿನಿಂದ ನೋಡಿದ ಫೋಟೋ ಅದು. ಆದರೆ ಆ ಗದ್ದ ಯಾರು ಹೇಳಿದ್ದಕ್ಕೆ ಮೇಲೆದ್ದಿತು ಅಂತ ಯೋಚಿಸಿದ್ದು ಪುಷ್ಪಮಾಲಾ ಅವರ ಕೆಲಸ ನೋಡಿದ ಮೇಲೆ. ಅದಕ್ಕೇ ಇವತ್ತು ಅವರ ಬಗ್ಗೆ ಮಾತಾಡಲು ಒಪ್ಪಿಕೊಂಡೆ.

ಪುಷ್ಪಮಾಲಾ ಹುಟ್ಟಿದ್ದು 1956ರಲ್ಲಿ, ಇದೇ ಬೆಂಗಳೂರಿನಲ್ಲಿ. ಮೊದಲ ಪದವಿಯೂ ಬೆಂಗಳೂರು ವಿಶ್ವವಿದ್ಯಾಲಯದ್ದೇ. ಆಮೇಲೆ ಬರೋಡಾಕ್ಕೆ ಹೋಗಿ ಎಂ.ಎಸ್. ವಿಶ್ವವಿದ್ಯಾಲಯದಲ್ಲಿ ಶಿಲ್ಪಕಲೆ ಓದಿದರು. 80ರ ದಶಕದಲ್ಲಿ ಅವರು ಸುಟ್ಟ ಮಣ್ಣಿನಲ್ಲಿ ಮಾಡಿದ ಹೆಣ್ಣುಮಕ್ಕಳ ಆಕೃತಿಗಳು ಹೆಸರು ತಂದವು. 1986ರಲ್ಲಿ ದೆಹಲಿಯ ಟ್ರಿಯೆನಾಲೆ ಎಂಬ ಅಂತಾರಾಷ್ಟ್ರೀಯ ಕಲಾ ಪ್ರದರ್ಶನದಲ್ಲಿ ಚಿನ್ನದ ಪದಕ ಬಂತು. ಅಷ್ಟು ಹೆಸರು ಬಂದ ಶಿಲ್ಪಿ ಆಮೇಲೆ ಮಣ್ಣು ಬಿಟ್ಟು ಕ್ಯಾಮೆರಾ ಮುಂದೆ ಬಂದು ನಿಂತರು. ಅವರ ಬಗ್ಗೆ ಬರೆಯುವವರು "ಶಿಲ್ಪ ಬಿಟ್ಟು ಫೋಟೋಗೆ ಬಂದರು" ಅನ್ನುತ್ತಾರೆ. ನಾನು ಒಪ್ಪುವುದಿಲ್ಲ. ಮಣ್ಣು ಇದ್ದ ಜಾಗಕ್ಕೆ ಅವರ ಮೈ ಬಂತು, ಅಷ್ಟೇ. ಕೈ ಎಲ್ಲಿರಬೇಕು, ಕತ್ತು ಎಷ್ಟು ಬಾಗಬೇಕು, ಸೆರಗು ಹೇಗೆ ಬೀಳಬೇಕು, ಇದೆಲ್ಲ ಶಿಲ್ಪಿಯ ಯೋಚನೆ ಅಲ್ವಾ?

ಮೊದಲ ದೊಡ್ಡ ಕೆಲಸ 'ಫ್ಯಾಂಟಮ್ ಲೇಡಿ ಅಥವಾ ಕಿಸ್ಮತ್', 1996ರಿಂದ 98ರವರೆಗೆ. ಮುಂಬೈ ಬೀದಿಗಳಲ್ಲಿ ತೆಗೆದ ಕಪ್ಪು ಬಿಳುಪು ಫೋಟೋಗಳ ಒಂದು ಸರಣಿ. ಸಿನಿಮಾದ ಸ್ಟಿಲ್‌ಗಳ ಹಾಗೆ ಕಾಣುತ್ತವೆ, ಆದರೆ ಆ ಸಿನಿಮಾ ಇಲ್ಲ. ಮುಖವಾಡ ಹಾಕಿದ ಸಾಹಸಿ ಹೆಣ್ಣು ಅದರ ನಾಯಕಿ. 1935ರ 'ಹಂಟರ್‌ವಾಲಿ' ಸಿನಿಮಾದಲ್ಲಿ ಚಾಟಿ ಹಿಡಿದ ಸಾಹಸ ನಟಿ ನಾಡಿಯಾ ನೆನಪಾಗುತ್ತಾರೆ. ಒಂದು ಸಿನಿಮಾ ತೆಗೆಯದೇ ಸಿನಿಮಾದ ಕತೆ ಹೇಳುವ ಈ ದಾರಿ ಅವರು ಮುಂದೆಯೂ ಬಿಡಲಿಲ್ಲ.

ಈಗ ನನಗೆ ತೀರಾ ಇಷ್ಟವಾದ ಕೆಲಸಕ್ಕೆ ಬರುತ್ತೇನೆ. 'ನೇಟಿವ್ ವಿಮೆನ್ ಆಫ್ ಸೌತ್ ಇಂಡಿಯಾ: ಮ್ಯಾನರ್ಸ್ ಆ್ಯಂಡ್ ಕಸ್ಟಮ್ಸ್'. ಬ್ರಿಟಿಷರ ಕಾಲದ ಪುಸ್ತಕದ ಹೆಸರಿನ ಹಾಗಿದೆ, ಬೇಕೆಂತಲೇ ಹಾಗಿಟ್ಟಿದ್ದು. 2000ದಿಂದ 2004ರವರೆಗೆ ಛಾಯಾಗ್ರಾಹಕಿ ಕ್ಲೇರ್ ಆರ್ನಿ ಜೊತೆ ನಮ್ಮ ಬೆಂಗಳೂರಿನಲ್ಲೇ ಮಾಡಿದರು. ಚಿತ್ರಗಳಲ್ಲಿ ಜನ ಈಗಾಗಲೇ ನೋಡಿರುವ ಹೆಂಗಸರನ್ನು ಆರಿಸಿಕೊಂಡರು. ರವಿವರ್ಮನ ಲಕ್ಷ್ಮಿ, ಅವನದೇ ಬೆಳದಿಂಗಳಲ್ಲಿ ಕೂತ ಹೆಣ್ಣು, ಬಿಜಾಪುರದ ಹಳೇ ವರ್ಣಚಿತ್ರದ ಯೋಗಿನಿ, ವೇಳಾಂಕಣ್ಣಿ ಮಾತೆ. ಜೊತೆಗೆ ತಮಿಳು ಸಿನಿಮಾದ ಜಯಲಲಿತಾ. ಪತ್ರಿಕೆಯಲ್ಲಿ ಬಂದ, ಕಳ್ಳತನದಲ್ಲಿ ಸಿಕ್ಕಿಬಿದ್ದ ಹೆಂಗಸರೂ ಇದ್ದಾರೆ. ಒಂದೊಂದಕ್ಕೂ ಪರದೆ ಬರೆಸಿ, ಬಟ್ಟೆ ಹೊಲಿಸಿ, ಒಡವೆ ಹೊಂದಿಸಿ, ಪುಷ್ಪಮಾಲಾ ತಾವೇ ಅದೇ ಭಂಗಿಯಲ್ಲಿ ಕೂತರು. ಗಾಂಧಿನಗರದಲ್ಲಿ ಕೈಯಲ್ಲಿ ಬರೆದ ಸಿನಿಮಾ ಕಟೌಟ್‌ಗಳು ಫ್ಲೆಕ್ಸ್‌ಗೆ ಜಾಗ ಬಿಟ್ಟುಕೊಡುತ್ತಿದ್ದ ವರ್ಷಗಳು ಅವು. ಕೈಯಲ್ಲಿ ಬರೆದ ಪರದೆಗೆ ಅಷ್ಟು ಬೆಲೆ ಕೊಟ್ಟ ಕೆಲಸ ಆ ಹೊತ್ತಿನಲ್ಲೇ ಬಂತು ಅನ್ನುವುದು ನನಗೆ ಇವತ್ತಿಗೂ ಖುಷಿ.

ಇದನ್ನು ಸುಮ್ನೆ ಛದ್ಮವೇಷ ಅಂದುಕೊಳ್ಳಬೇಡಿ. ಇದರಲ್ಲಿ ಒಂದು ಭಾಗ ಚೌಕಳಿ ಪರದೆಯ ಮುಂದೆ ತೆಗೆದದ್ದು. ಅದರ ಹಿಂದೆ ಒಂದು ಕೆಟ್ಟ ಚರಿತ್ರೆ ಇದೆ. 1869ರಲ್ಲಿ ಜಾನ್ ಲ್ಯಾಂಪ್ರಿ ಎಂಬಾತ ಮನುಷ್ಯರ ಮೈ ಅಳೆಯಲು ಒಂದು ಉಪಾಯ ಹೇಳಿಕೊಟ್ಟ. ಮರದ ಚೌಕಟ್ಟಿಗೆ ದಾರ ಕಟ್ಟಿ ಎರಡೆರಡು ಇಂಚಿನ ಚೌಕ ಮಾಡುವುದು. ಅದರ ಮುಂದೆ ಜನರನ್ನು ಬೆತ್ತಲೆ ನಿಲ್ಲಿಸಿ ಫೋಟೋ ತೆಗೆಯುವುದು. ಆಮೇಲೆ ಅಂಡಮಾನಿನ ಜನರನ್ನೂ ಹೀಗೆ ಚೌಕಗಳ ಮುಂದೆ ನಿಲ್ಲಿಸಿದರು. ಆ ಫೋಟೋಗಳನ್ನು ತೆಗೆದವರಿಗೆ ಬೇಕಾಗಿದ್ದದ್ದು ನಿಂತವರ ಅಳತೆ. ಪುಷ್ಪಮಾಲಾ ಅದೇ ಚೌಕಗಳ ಮುಂದೆ ಬಂದು ನಿಂತಾಗ, ಅಳೆಯುವವರೂ ಅವರೇ, ಅಳೆಸಿಕೊಳ್ಳುವವರೂ ಅವರೇ. ಲಕ್ಷ್ಮಿಯಾಗಿ ನಿಂತ ಹೆಣ್ಣು ಇಲ್ಲಿ 'ಮಾದರಿ'ಯಾಗಿ ನಿಂತಿದ್ದಾಳೆ. ಎರಡನ್ನೂ ಅಕ್ಕಪಕ್ಕ ಇಟ್ಟು ನೋಡಿದರೆ ಎದೆ ಭಾರವಾಗುತ್ತದೆ. ಪೂಜೆ ಮಾಡಿದರೂ ಅಳೆದರೂ, "ಹೀಗೆ ನಿಲ್ಲು" ಅಂದವರು ಬೇರೆಯವರೇ.

ತುಂಬಾ ಜನ ಕೇಳುತ್ತಾರೆ, ಎಲ್ಲ ಚಿತ್ರದಲ್ಲೂ ಅವರೇ ಯಾಕೆ, ತಮ್ಮ ಮುಖದ ಮೇಲೆ ಅಷ್ಟು ಮೋಹವಾ ಅಂತ. ಇದೇ ಕೆಲಸದ 'ಪ್ರೊಸೆಸ್ ಸೀರೀಸ್' ಅನ್ನುವ ಭಾಗ ನೋಡಿದರೆ ಆ ಪ್ರಶ್ನೆ ಉಳಿಯುವುದಿಲ್ಲ. ಚಿತ್ರ ತಯಾರಾಗುವ ಹೊತ್ತಿನ ಫೋಟೋಗಳು ಅವು. ತೆರೆಯ ಹಿಂದೆ ನಡೆಯುವುದನ್ನು ನಮ್ಮ ನಾಟಕದವರು ಬಚ್ಚಿಡುತ್ತಾರೆ. ಇವರು ಅದನ್ನೂ ಗೋಡೆಗೆ ಹಾಕಿದರು. ಆಕೆಯ ಮುಖ ನೋಡಲು ಹೋದವರು ಮುಖ ತಯಾರಾಗುವ ಬಗೆ ನೋಡಿಕೊಂಡು ಬರುತ್ತಾರೆ.

ಅವರ ಸಿನಿಮಾಗಳೂ ಹೀಗೆಯೇ. 2004ರ 'ರಾಷ್ಟ್ರೀಯ ಖೀರ್ ಆ್ಯಂಡ್ ದೇಸೀಯ ಸಲಾಡ್' ಬರೀ 11 ನಿಮಿಷದ್ದು. 1950, 60ರ ದಶಕದಲ್ಲಿ ಮನೆಯ ಹೆಂಗಸರು ಅಡುಗೆ ಬರೆದಿಟ್ಟುಕೊಂಡ ನೋಟ್‌ಬುಕ್‌ಗಳಿಂದ ಹುಟ್ಟಿದ ಚಿತ್ರ. ನಮ್ಮ ಮನೆಗಳಲ್ಲೂ ಅಂಥ ಪುಸ್ತಕ ಇದ್ದೇ ಇರುತ್ತದೆ. ಎಣ್ಣೆ ಜಿಡ್ಡು ಹತ್ತಿದ್ದು, ಮಧ್ಯದಲ್ಲಿ ಹಾಲಿನ ಲೆಕ್ಕ, ಯಾರದೋ ವಿಳಾಸ. ಹೊಸದಾಗಿ ಸ್ವತಂತ್ರವಾದ ದೇಶ ಒಳ್ಳೆಯ ಸಂಸಾರ ಅಂದರೆ ಹೀಗಿರಬೇಕು ಅಂದುಕೊಂಡದ್ದನ್ನು ಅವರು ಅದರಲ್ಲಿ ಕಂಡರು. 2006ರ 'ಪ್ಯಾರಿಸ್ ಆಟಮ್' ಇನ್ನೂ ವಿಚಿತ್ರ. ಅರ್ಧ ಗಂಟೆ ಮೀರಿದ ಈ ಚಿತ್ರ ತಯಾರಾದದ್ದು ಸ್ಥಿರ ಫೋಟೋಗಳಿಂದ. ಫ್ರಾನ್ಸಿನ ದೊರೆ 4ನೇ ಹೆನ್ರಿಯ ಪ್ರೇಯಸಿ ಗಾಬ್ರಿಯೆಲ್ ದೆಸ್ಟ್ರೆ 1599ರಲ್ಲಿ ಇದ್ದಕ್ಕಿದ್ದ ಹಾಗೆ ಸತ್ತಳು. ಅವಳ ಸುತ್ತ ಹೆಣೆದ ಪತ್ತೇದಾರಿ ಕತೆ ಇದು. ಚಲಿಸುವ ಚಿತ್ರ ಮಾಡಲು ಹೊರಟು ಯಾರನ್ನೂ ಚಲಿಸಲು ಬಿಡದವರು ಇನ್ಯಾರು? ಶಿಲ್ಪಿಯೇ ಅಲ್ವಾ?

2014ರಲ್ಲಿ ಕೊಚ್ಚಿ ಬಿನಾಲೆ ಎಂಬ ದೊಡ್ಡ ಕಲಾ ಪ್ರದರ್ಶನದಲ್ಲಿ ಅವರು ವಾಸ್ಕೋ ಡ ಗಾಮ ಆದರು. ಪೋರ್ಚುಗಲ್‌ನಲ್ಲಿ 1898ರಲ್ಲಿ ಬರೆದ ಒಂದು ಚಿತ್ರವನ್ನು ಹಾಗೇ ಮರಳಿ ಕಟ್ಟಿದ್ದರು. ಗಾಮ ಕಲ್ಲಿಕೋಟೆಗೆ ಬಂದು 400 ವರ್ಷ ಆದ ಮೇಲೆ, ಅದನ್ನು ಕಣ್ಣಾರೆ ನೋಡದವನು ಬರೆದ ಚಿತ್ರ ಅದು.

ಇಷ್ಟೆಲ್ಲಕ್ಕೂ ಒಂದು ಸಂಸ್ಥೆ ಬೇಡವೇ? ಅದಕ್ಕೆ ಪುಷ್ಪಮಾಲಾ 'ಸೋಂಬೇರಿಕಟ್ಟೆ' ಅಂತ ಒಂದು ಕಟ್ಟಿಕೊಂಡರು. ಕಟ್ಟಡ ಇಲ್ಲ, ಬೋರ್ಡ್ ಇಲ್ಲ. ಕೆಲವೊಮ್ಮೆ ಚರ್ಚೆಯ ವೇದಿಕೆ, ಕೆಲವೊಮ್ಮೆ ಅವರ ಸಿನಿಮಾ ಕಂಪನಿಯ ಹೆಸರು. ಊರ ಮುಂದಿನ ಅರಳಿಕಟ್ಟೆಯಲ್ಲಿ ಕೂತವರನ್ನು ಸೋಂಬೇರಿಗಳು ಅಂತ ಬೈಯುತ್ತೇವೆ. ಊರಿನ ನಿಜವಾದ ಮಾತು ನಡೆಯುವುದೂ ಅಲ್ಲೇ. ಅವರ ಎಲ್ಲ ಇಂಗ್ಲಿಷ್ ಶೀರ್ಷಿಕೆಗಳಿಗಿಂತ ನನಗೆ ಈ ಒಂದು ಕನ್ನಡ ಪದ ಜಾಸ್ತಿ ಇಷ್ಟ.

ಕೊನೆಗೆ ಇನ್ನೊಂದು ಕೆಲಸ. 2017ರ ಸೆಪ್ಟೆಂಬರ್ 5ರಂದು ಗೌರಿ ಲಂಕೇಶ್ ಅವರನ್ನು ಇದೇ ಊರಿನಲ್ಲಿ, ಅವರ ಮನೆ ಬಾಗಿಲಲ್ಲೇ ಗುಂಡಿಟ್ಟು ಕೊಂದರು. ಮರು ವರ್ಷ ಪುಷ್ಪಮಾಲಾ ಒಂದು ಪ್ರದರ್ಶನ ಮಾಡಿದರು. ಹೆಸರು 'ಗೌರಿ ಲಂಕೇಶರ ಅರ್ಜೆಂಟ್ ಸಾರು'. ಜನರ ಮುಂದೆ ಗೌರಿಯವರ ಸಾರು ಮಾಡುವುದೇ ಆ ಪ್ರದರ್ಶನ. ಇಲ್ಲಿ ರವಿವರ್ಮನ ಭಂಗಿ ಇಲ್ಲ, "ಗದ್ದ ಮೇಲೆತ್ತು" ಅನ್ನುವವರಿಲ್ಲ. ಕೆಲಸ ಮುಗಿಸಿ ಬಂದು, ಹಸಿವಾಗಿ, ಬೇಗ ಬೇಗ ಒಲೆ ಹಚ್ಚುವ ಹೆಂಗಸಿನ ಕೈ ಮಾತ್ರ ಇದೆ.

ಲೈಟ್ ಸ್ವಲ್ಪ ಆರಿಸುತ್ತೀರಾ? ಫೋಟೋಗಳನ್ನು ತೋರಿಸುತ್ತೇನೆ. ಮೊದಲು ಲಕ್ಷ್ಮಿ, ಆಮೇಲೆ ಚೌಕಳಿ ಪರದೆ.